ಪ್ರೋಗ್ರೆಸಿವ್ ಅಂದರೆ ಸುಧಾರಣೆ ಅಂದಿದ್ದೆ

ಗೊಣಗುವುದು ಬೇರೆ, ಗುನುಗುವುದು ಬೇರೆ, ಪಿಸುಗುಟ್ಟುವುದು ಬೇರೆ ಎಂದು ನನಗೆ ಬಾಯಿಂದ ಮಾಡಿ ತೋರಿಸಿದವಳು ಚಿಗವ್ವ, ನನ್ನ ಅವ್ವನ ತಂಗಿ. ನನ್ನ ಕನ್ನಡದಲ್ಲಿ ಅರ್ಧಕ್ಕಿಂತ ಹೆಚ್ಚು ಪಾರಿಶ್ವಾಡ ಎಂಬ ಹಳ್ಳಿಯ ಆಕೆಯ ಮನೆಕಟ್ಟೆಯ ಮೇಲೆ ಕಲಿತದ್ದು. ಇಂಗ್ಲಿಷ್ ಮಾತ್ರ ಸಾಲೆಯಲ್ಲಿ ಕಲಿತೆ. ಅದೇ ಆಕೆಗೆ ಮುಳುವಾಯಿತು.

ಹೋದ ವರ್ಷ ಆಕೆಗೆ ಕಿವಿ ಮಂದವಾಗಿ, ಬೆಳಗಾವಿಯ ಆಸ್ಪತ್ರೆಯಲ್ಲಿ ಪರೀಕ್ಷೆ ಮಾಡಿಸಿದೆ. ವರದಿ ಮರುದಿನ ಬರುವುದಿತ್ತು. ಆಮೇಲೆ ಡಾಕ್ಟರನ್ನು ಮತ್ತೆ ಕಾಣಬೇಕಿತ್ತು. ಚಿಗವ್ವ ಅಂದೇ ಊರಿಗೆ ಹೋಗಿಬಿಟ್ಟಳು. ವರದಿ ಹಿಡಿದು ನಾನೇ ಗಾಡಿ ಮೇಲೆ ಪಾರಿಶ್ವಾಡಕ್ಕೆ ಹೋದೆ.

"ಏನ್ ಬರದಾರೊ ಅದರಾಗ?"

ತಿಳಿದರೆ ತಾನೇ ಹೇಳುವುದು! ಸಾಲುಗಳ ನಡುವೆ 'ಪ್ರೋಗ್ರೆಸಿವ್' ಎಂಬ ಒಂದು ಪದದ ಗುರುತು ಹತ್ತಿತು. ಪ್ರಗತಿಪರ ರೈತ, ಪ್ರಗತಿ ಪತ್ರ ಎಂದು ದಿನಾ ಓದುವವನು ನಾನು. ಗೊತ್ತಿಲ್ಲ ಎನ್ನಲು ನಾಚಿಕೆಯಾಗಿ, "ಪ್ರಗತಿ ಐತಿ ಚಿಗವ್ವಾ, ಕಿವಿ ಸುಧಾರಸಾಕತ್ತಾವು" ಎಂದೆ.

ಆಕೆ ನೆರೆಮನೆಯವಳನ್ನು ಕೂಗಿದಳು. "ನಮ್ಮ ಹುಡುಗ ಇಂಗ್ಲಿಷ್ ಹೆಂಗ ಗಡಗಡ ಓದತಾನ ನೋಡವಾ!" ಬೆಲ್ಲ ಹಾಕಿ ಸಜ್ಜಕ ಮಾಡಿ ನನಗೆ ಎರಡು ಸಲ ಬಡಿಸಿದಳು. ಸುಧಾರಿಸುತ್ತಿರುವ ಕಿವಿಗೆ ಮತ್ತೆ ಡಾಕ್ಟರು ಯಾಕೆ? ಆಕೆ ಹೋಗಲಿಲ್ಲ. ನಾನೂ ಕರೆಯಲಿಲ್ಲ.

ಎಂಟು ತಿಂಗಳ ನಂತರ ಹೋದಾಗ ಚಿಗವ್ವ ನನಗೆ ಬೆನ್ನು ಮಾಡಿ ಅಕ್ಕಿ ಆರಿಸುತ್ತಿದ್ದಳು. ಮೂರು ಸಲ ಕರೆದೆ. ತಿರುಗಲಿಲ್ಲ.

ಮತ್ತೆ ಆಸ್ಪತ್ರೆ. ಡಾಕ್ಟರು ಹಳೆಯ ವರದಿ ನೋಡಿ ನನ್ನತ್ತ ನೋಡಿದರು. "ಆವಾಗ್ಲೇ ಯಾಕ ಬರಲಿಲ್ರಿ? ಪ್ರೋಗ್ರೆಸಿವ್ ಅಂತ ಬರದೈತಲ್ಲ! ಹೆಚ್ಚಾಗಕೋತ ಹೋಗೂ ಕಿವುಡ್ರಿ ಇದು. ಮುಂದಿನ ವಾರ ಕಿವಿಗೆ ಮಷಿನ್ ಹಾಕೂಣು. ದನಿ ಕೇಳತೈತಿ, ಆದ್ರ ಮಾತು ಬಿಡಿಸಿ ತಿಳಿಯೂದು ಕಷ್ಟ."

ಹೊರಗಿನ ಬೆಂಚಿನ ಮೇಲೆ ಕೂತು ಮೊಬೈಲಿನಲ್ಲಿ ಆ ಪದದ ಮೂಲ ಹುಡುಕಿದೆ. ಲ್ಯಾಟಿನ್ನಿನಿಂದ ಬಂದದ್ದಂತೆ, ಮುಂದೆ ಹೆಜ್ಜೆ ಹಾಕುವುದು, ಅಷ್ಟೇ ಅದರ ಅರ್ಥ. ಒಳ್ಳೆಯದರ ಕಡೆಗೋ ಕೆಟ್ಟದ್ದರ ಕಡೆಗೋ ಎಂಬುದು ಅದರೊಳಗಿಲ್ಲ. ರೈತನಿಗೆ ಹಚ್ಚಿದರೆ ಹೆಜ್ಜೆ ರೈತನದು, ರೋಗಕ್ಕೆ ಹಚ್ಚಿದರೆ ರೋಗದ್ದು. ಇದನ್ನು ಎಂಟು ತಿಂಗಳ ಹಿಂದೆ ಹುಡುಕಲು ಎರಡು ನಿಮಿಷ ಸಾಕಿತ್ತು.

ಊರಿಗೆ ಹೋಗುವ ಬಸ್ಸಿನಲ್ಲಿ ಆಕೆ ಕೇಳಿದಳು, "ಡಾಕ್ಟರ್ ಏನಂದ್ರೊ?"

ಮೆಲ್ಲಗೆ ಹೇಳಿದೆ.

"ಹಾಂ?"

ಇನ್ನೊಮ್ಮೆ ಹೇಳಿದೆ. ಆಕೆ ಕಿವಿಯನ್ನು ನನ್ನ ಬಾಯಿಗೆ ಒಡ್ಡಿದಳು. ಕಡೆಗೆ ಕೂಗಿಯೇಬಿಟ್ಟೆ. "ನಾ ತಪ್ಪ ಓದಿದ್ದೆ ಚಿಗವ್ವಾ! ತಿಳೀದನ ಸುಧಾರಸಾಕತ್ತೈತಿ ಅಂದಿದ್ದೆ!"

ಟಿಕೀಟು ಹರಿಯುತ್ತಿದ್ದ ಕಂಡಕ್ಟರ್ ಕೈ ನಿಲ್ಲಿಸಿದ. ಮುಂದಿನ ಸೀಟಿನವರೆಲ್ಲ ತಿರುಗಿದರು. ನಾನು ತಲೆ ತಗ್ಗಿಸಿದೆ.

ಚಿಗವ್ವ ಅಂದಳು, "ತಿಳೀವಲ್ದು ಅನ್ನಬೇಕಿತ್ತಲ್ಲೊ ಮಾರಾಯಾ. ಸಣ್ಣಾವ ಇದ್ದಾಗ ತಿಳೀವಲ್ದು ಅಂದ್ರ ನಾ ಯಾವತ್ತರ ಬೈದೀನೇನು?"

"ಇಲ್ಲ" ಎಂದೆ. ಅದೂ ಕೇಳಿಸಲಿಲ್ಲ. ಬಸ್ಸಿನ ಮಂದಿಯೆಲ್ಲ ನೋಡುತ್ತಿರುವಾಗ, ಮತ್ತೊಮ್ಮೆ ಕೂಗಿದೆ.