ಪೆನ್ಸಿಲಮ್ಮನ ನಲವತ್ತೊಂದನೆಯ ಹೆಸರು

ನಮ್ಮ ವಿಶ್ವವಿದ್ಯಾಲಯವು ಬರೀ ಹೆಣ್ಣುಮಕ್ಕಳ ಕಾಲೇಜಾಗಿದ್ದ ಕಾಲದಲ್ಲಿ ನಾನು ಅಲ್ಲಿ ಪಾಠ ಹೇಳುತ್ತಿದ್ದೆ. ದಾಖಲೆ ಕೋಣೆಯ ಗುಮಾಸ್ತೆಯನ್ನು ಎಲ್ಲರೂ ಪೆನ್ಸಿಲಮ್ಮ ಎನ್ನುತ್ತಿದ್ದೆವು. ಪ್ರಾಂಶುಪಾಲರ ರುಜು ಬಿದ್ದ ರಿಜಿಸ್ಟರಿಗೆ ಮತ್ತೆ ಶಾಯಿ ತಾಗಿಸಬಾರದೆಂಬುದು ನಿಯಮ. ಪದವಿ ಪಡೆದ ಹುಡುಗಿ ಮದುವೆಯಾಗಿ ಹೆಸರು ಬದಲಿಸಿಕೊಂಡರೆ, ಈಕೆ ಹೊಸ ಹೆಸರನ್ನು ಹಳೆಯದರ ಪಕ್ಕದಲ್ಲಿ ಪೆನ್ಸಿಲ್ಲಿನಿಂದ ಸಣ್ಣಗೆ ಬರೆದಿಡುತ್ತಿದ್ದರು. "ಹೆಸರು ಬದಲಾದ್ರೂ ಹುಡುಗಿ ನಮ್ಮವಳೇ ಅಲ್ವಾ" ಎಂದು ನಗುತ್ತಿದ್ದರು.

ಅವರು ನಿವೃತ್ತರಾದ ಮೇಲೆ ಕಚೇರಿಯವರು ರಿಜಿಸ್ಟರುಗಳನ್ನು ಯಂತ್ರದಲ್ಲಿ ನಕಲು ಮಾಡಿಸಿ, ಮೂಲಗಳನ್ನು ರದ್ದಿಗೆ ಹಾಕಿದರು. ನಕಲಿನಲ್ಲಿ ಶಾಯಿ ಮೂಡಿತ್ತು, ಪೆನ್ಸಿಲ್ ಮೂಡಿರಲಿಲ್ಲ. ಮುಂದೆ ಹೆಸರಾಂತ ಪದವೀಧರೆಯರ ಫಲಕ ಮಾಡಿಸಹೊರಟಾಗ ಮದುವೆಯ ನಂತರದ ಹೆಸರಿನಿಂದಲೇ ಪ್ರಸಿದ್ಧರಾದ ನಲವತ್ತೊಂದು ಮಂದಿ ಇಲ್ಲಿ ಓದಿದ್ದಕ್ಕೆ ದಾಖಲೆಯೇ ಸಿಗಲಿಲ್ಲ. ಪೆನ್ಸಿಲಮ್ಮನಿಗೆ ಎಲ್ಲರ ಎರಡೂ ಹೆಸರು ಬಾಯಿಪಾಠ. ಆದರೆ ಕಚೇರಿಯವರು ಒಬ್ಬೊಬ್ಬರ ತವರಿನಿಂದಲೂ ಸಾಕ್ಷಿಪತ್ರ ಬೇಕೆಂದರು. ಮೊಣಕಾಲು ಹಿಡಿದುಕೊಂಡು ಆಕೆ ಮನೆಮನೆ ಅಲೆದರು.

ಆ ನಲವತ್ತೊಂದರಲ್ಲಿ ಒಬ್ಬರು ಅವರ ಒಡಹುಟ್ಟಿದ ಅಕ್ಕ. ಇಲ್ಲಿ ಪದವಿ ಪಡೆದು ಕಣ್ಣಿನ ಡಾಕ್ಟರಾಗಿ ಸಾವಿರಾರು ಜನರಿಗೆ ಬೆಳಕು ಕೊಟ್ಟವರು; ಈಗ ಹಾಸಿಗೆ ಹಿಡಿದಿದ್ದರು. ಕಾಲೇಜಿನ ಗೋಡೆಯ ಮೇಲೆ ತನ್ನ ಹೆಸರನ್ನು ಕಾಣಬೇಕೆಂಬುದೊಂದೇ ಅವರ ಆಸೆ. ಅದಕ್ಕೆ ತಂಗಿಯ ರುಜುವೊಂದೇ ಸಾಕಿತ್ತು. ಆದರೆ ಮನೆಯವರನ್ನು ಮುಂದೆ ಮಾಡಿದಳೆಂಬ ಮಾತು ಬರಬಾರದೆಂದು ಪೆನ್ಸಿಲಮ್ಮ ಅಕ್ಕನನ್ನು ಕೊನೆಗಿಟ್ಟರು.

ಪ್ರತಿ ಭಾನುವಾರ ಅಕ್ಕ ವಿಚಾರಿಸುತ್ತಿದ್ದರು. "ಎಷ್ಟಾಯ್ತೇ?"

"ಮೂವತ್ತೆಂಟು. ನಿಂದೇ ಕೊನೇದು."

"ಊರವರಿಗೆಲ್ಲ ಬಡಿಸಿ ಆಮೇಲೆ ನನ್ನ ಕರೀತೀಯ. ಅಷ್ಟರಲ್ಲಿ ಪಾತ್ರೆ ಖಾಲಿ ಆಗಿರುತ್ತೆ ಕಣೇ."

ಇಬ್ಬರೂ ನಕ್ಕರಂತೆ.

ನಲವತ್ತನೆಯ ಪತ್ರ ಕೈಸೇರಿದ ವಾರವೇ ಅಕ್ಕ ತೀರಿಕೊಂಡರು. ಕೊನೆಯ ಪತ್ರವನ್ನು ಪೆನ್ಸಿಲಮ್ಮ ನಮ್ಮ ಮನೆಯಲ್ಲಿ ಕುಳಿತು ಬರೆದರು. ನಾಲ್ಕೇ ಸಾಲು, ಬೆಳಗಿನಿಂದ ಮಧ್ಯಾಹ್ನದವರೆಗೆ ಹಿಡಿಯಿತು.

ಫಲಕ ಬರೆಯುವ ದಿನ ನಾನೂ ಜೊತೆಗೆ ಹೋಗಿದ್ದೆ. ಪೇಂಟರ್ ಎಲ್ಲ ಹೆಸರುಗಳನ್ನೂ ಪತ್ರ ಬಂದ ಕ್ರಮದಲ್ಲೇ ಪೆನ್ಸಿಲ್ಲಿನಲ್ಲಿ ಗುರುತು ಮಾಡಿಕೊಂಡಿದ್ದ. ಪೆನ್ಸಿಲಮ್ಮ ಬಗ್ಗಿ ಕಟ್ಟಕಡೆಯ ಸಾಲನ್ನು ಬಹಳ ಹೊತ್ತು ನೋಡಿದರು. ಅವನು ಕುಂಚ ಅದ್ದಿ ಮೇಲಿನ ಸಾಲಿಗೆ ಕೈಯೆತ್ತಿದ.

"ಇದನ್ನ ಮೊದಲು ಬರಿಯಪ್ಪ" ಎಂದರು.

ಮೇಲಿನಿಂದ ಬಣ್ಣ ಸೋರಿದರೆ ಕೆಳಗಿನದು ಕೆಡುತ್ತದೆ ಎಂದು ಅವನು ತಿಳಿಸಿ ಹೇಳಿದ.

"ಸೋರಿದ್ರೆ ನಾನು ಒರೆಸ್ತೀನಿ. ಮೊದಲು ಇದನ್ನ ಬರಿ" ಎಂದು ಸೆರಗನ್ನು ಕೈಯಲ್ಲಿ ಹಿಡಿದು ಅಲ್ಲೇ ನೆಲದ ಮೇಲೆ ಕುಳಿತರು.