ಒಂದೂವರೆಯ ಖಳನಾಯಕಿ ಮತ್ತು ಕೊಟ್ರಮ್ಮಜ್ಜಿಯ ಕಣ್ಣು

ಹಗರಿಬೊಮ್ಮನಹಳ್ಳಿಯ ನಮ್ಮ ಕಾಲೇಜಿನಲ್ಲಿ ನಾನು ಮೂರು ವರ್ಷ ಒಂದು ಸಂಗತಿಯನ್ನು ಮುಚ್ಚಿಟ್ಟಿದ್ದೆ. ಅಪರಾಧವೇನಲ್ಲ. ಮಧ್ಯಾಹ್ನ ಒಂದೂವರೆಯ ಧಾರಾವಾಹಿಯಲ್ಲಿ ಸೊಸೆಯ ಹಾಲಿಗೆ ವಿಷ ಬೆರೆಸುವ ಚಾರುಮತಿದೇವಿ ನಮ್ಮ ತಂದೆಯ ಸ್ವಂತ ತಂಗಿ, ನನ್ನ ಶಾರದತ್ತೆ, ಎಂಬುದಷ್ಟೇ. ನಾನು ರಸಾಯನಶಾಸ್ತ್ರ ಕಲಿಸುವವಳು. ಕೇಳಿದ ಪ್ರಶ್ನೆಗೆ ಮಾತ್ರ ಉತ್ತರ ಕೊಡುವುದು ನನ್ನ ಅಭ್ಯಾಸ. ಯಾರೂ ಕೇಳಿರಲಿಲ್ಲ, ನಾನೂ ಹೇಳಿರಲಿಲ್ಲ.

ಒಂದು ದಿನ ಹಡಗಲಿಗೆ ಹೊರಟಿದ್ದ ಅತ್ತೆ ದಾರಿಯಲ್ಲಿ ಕಾಲೇಜಿಗೆ ಬಂದು, ಎಲ್ಲರ ಎದುರಿಗೆ ನನ್ನ ಕೈಗೆ ಶೇಂಗಾ ಹೋಳಿಗೆಯ ಡಬ್ಬಿ ಕೊಟ್ಟು, ಕೆನ್ನೆ ತಟ್ಟಿ ಹೋದಳು. ಅಲ್ಲಿಗೆ ನನ್ನ ನೆಮ್ಮದಿ ಮುಗಿಯಿತು. ಹೋಳಿಗೆಯನ್ನು ಯಾರೂ ಮುಟ್ಟಲಿಲ್ಲ, ಅದು ಬೇರೆ ಮಾತು. ಟಿ.ವಿ. ನೋಡುವುದೇ ಇಲ್ಲ ಎಂದು ಹೇಳಿಕೊಳ್ಳುವ ನಮ್ಮ ವಿಭಾಗದ ಮುಖ್ಯಸ್ಥರು ಪ್ರಯೋಗಾಲಯದ ಬಾಗಿಲಲ್ಲಿ ನಿಂತು, ತಗ್ಗಿದ ದನಿಯಲ್ಲಿ, "ಮೇಡಂ, ಸುಮ್ಮನ ಕೇಳ್ತೀನ್ರಿ. ಆ ಹುಡುಗಿ ಹಾಲು ಕುಡೀತಾಳೇನು?" ಎಂದರು.

ಆ ಹಾಲಿನ ಬಗ್ಗೆ ನನ್ನ ತಕರಾರೇ ಬೇರೆ. ಚಾರುಮತಿದೇವಿ ಬೆರೆಸುವ ವಿಷದ ಬಣ್ಣ ಹೊಳೆಯುವ ನೀಲಿ. ನಮ್ಮ ಕಡೆ ಬೆಳೆಗೆ ಔಷಧಿ ಹೊಡೆಯುವ ಯಾರನ್ನು ಕೇಳಿದರೂ ಅದು ಮೈಲುತುತ್ತ ಎನ್ನುತ್ತಾರೆ. ಅದನ್ನು ಸುರಿದರೆ ಹಾಲು ಒಡೆಯುತ್ತದೆ, ನೀಲಿಗೆ ತಿರುಗುತ್ತದೆ. ಸೊಸೆ ಪಲ್ಲವಿ ಬಿ.ಎಸ್ಸಿ. ಓದಿದವಳೆಂದು ಕಥೆಯಲ್ಲೇ ಹೇಳಿದ್ದಾರೆ. ಒಡೆದ ನೀಲಿ ಹಾಲನ್ನು ಆಕೆ ಯಾಕೆ ತುಟಿಗೆ ತರುತ್ತಾಳೆ? ಅತ್ತೆಯನ್ನು ಕೇಳಿದೆ. "ಬಣ್ಣ ಇಲ್ದಿದ್ರ ಅದು ವಿಷ ಅಂತ ಜನಕ್ಕ ಗೊತ್ತಾಗೋದು ಹ್ಯಾಂಗವ್ವಾ?" ಎಂದಳು.

ಅತ್ತೆ ಹುಟ್ಟಿದ್ದು ಕೊಟ್ಟೂರಿನಲ್ಲಿ, ನಾವು ಈಗಲೂ ಇರುವ ಓಣಿಯಲ್ಲಿ. ಹತ್ತನೆಯ ತರಗತಿ ಮುಗಿಯುವ ಮೊದಲೇ ಒಂದು ನಾಟಕ ಕಂಪನಿ ಸೇರಿ ರಾಣಿಯ ಪಕ್ಕ ಚಾಮರ ಬೀಸಿದಳು. ಕಂಪನಿ ಮುಚ್ಚಿದ ಮೇಲೆ ಬೆಂಗಳೂರಿಗೆ ಹೋಗಿ, ಹದಿನೈದು ವರ್ಷ ಧಾರಾವಾಹಿಗಳಲ್ಲಿ ಬಾಗಿಲು ತೆರೆಯುವ ನೆರೆಮನೆಯವಳೂ, "ಡಾಕ್ಟರು ಒಳಗಿದ್ದಾರೆ" ಎನ್ನುವ ನರ್ಸೂ ಆಗಿದ್ದಳು. ಒಳ್ಳೆಯವಳಾಗಿದ್ದಷ್ಟು ಕಾಲ ಆಕೆಯನ್ನು ಒಬ್ಬರೂ ಗುರುತಿಸಲಿಲ್ಲ. ಕೆಟ್ಟವಳಾದ ಮೂರೇ ತಿಂಗಳಿಗೆ ಕೂಡ್ಲಿಗಿಯ ಬಸ್‌ ನಿಲ್ದಾಣದಲ್ಲಿ ಮೆಣಸಿನಕಾಯಿ ಕರಿಯುತ್ತಿದ್ದ ಹೆಂಗಸೊಬ್ಬಳು ಜಾಲರಿ ಸೌಟು ಹಿಡಿದುಕೊಂಡೇ ಎದ್ದು ಬಂದು ಬೈದಳು. ಅತ್ತೆಯ ಮುಖ ಅರಳಿತು. ಪಕ್ಕದಲ್ಲಿದ್ದ ನಾನು ಬಸ್ಸುಗಳ ವೇಳಾಪಟ್ಟಿಯನ್ನು ಬಹಳ ಆಸಕ್ತಿಯಿಂದ ಓದಿದೆ.

ಹೆಸರು ಬಂದ ಮೇಲೆ ಅತ್ತೆ ದಾವಣಗೆರೆಯ ಒಂದು ಕಣ್ಣಿನ ಆಸ್ಪತ್ರೆಯವರನ್ನು ಜೊತೆ ಮಾಡಿಕೊಂಡು ನಮ್ಮ ಸುತ್ತಲಿನ ಐದು ತಾಲ್ಲೂಕುಗಳಲ್ಲಿ ಶಿಬಿರ ನಡೆಸತೊಡಗಿದಳು. ಪೊರೆ ಬಂದವರನ್ನು ಬಸ್ಸಿನಲ್ಲಿ ಕರೆದೊಯ್ದು, ಶಸ್ತ್ರಚಿಕಿತ್ಸೆ ಮಾಡಿಸಿ, ಮನೆಗೆ ತಂದು ಬಿಡುವುದು. ಯಾಕೆ ಕಣ್ಣೇ ಎಂದು ಕೇಳಿದರೆ, "ಜನ ಕಣ್ಣು ಬಿಟ್ಟು ನೋಡಿದ್ದಕ್ಕ ಅಲ್ಲೇನು ನಾ ಉಂಡಿದ್ದು?" ಎನ್ನುತ್ತಾಳೆ. ಇಷ್ಟು ಚೆನ್ನಾಗಿ ಮಾತಾಡುವವಳಿಗೆ ಏರ್ಪಾಡು ಮಾತ್ರ ಬಾರದು. ಹರಪನಹಳ್ಳಿಯ ಮೊದಲ ಶಿಬಿರವನ್ನು ಮಧ್ಯಾಹ್ನ ಒಂದೂವರೆಗೆ ಇಟ್ಟಳು. ಒಂದು ನರಪಿಳ್ಳೆಯೂ ಬರಲಿಲ್ಲ. ಊರಿನ ಹೆಂಗಸರೆಲ್ಲ ಮನೆಯಲ್ಲಿ ಅವಳನ್ನೇ ನೋಡುತ್ತ ಕುಳಿತಿದ್ದರು. ಅಂದಿನಿಂದ ಏರ್ಪಾಡು ನನ್ನ ತಲೆಗೆ ಬಂತು. ಶಿಬಿರದ ಫ್ಲೆಕ್ಸ್‌ಗೆ ಧಾರಾವಾಹಿಯವರು ಕಳಿಸಿದ ಚಿತ್ರವನ್ನು ನಾನೇ ತಡೆದೆ. ಅದರಲ್ಲಿ ಅತ್ತೆ ಕಣ್ಣನ್ನು ನಿಂಬೆಹಣ್ಣಿನಷ್ಟು ದೊಡ್ಡದು ಮಾಡಿ ಗುರಾಯಿಸುತ್ತಿದ್ದಳು. ಕೆಳಗೆ 'ನಿಮ್ಮ ಕಣ್ಣು, ನಮ್ಮ ಕಾಳಜಿ' ಎಂದಿತ್ತು.

ಇನ್ನು ಕೊಟ್ರಮ್ಮಜ್ಜಿ. ನಮ್ಮ ಎದುರುಮನೆಯವಳು, ಎಪ್ಪತ್ತು ದಾಟಿದವಳು. ಯಾರೋ ಹೇಳಿದ ಸೊಪ್ಪಿನ ರಸ ಹಿಂಡಿಕೊಂಡು ಒಂದು ಕಣ್ಣನ್ನು ಆಗಲೇ ಕಳೆದುಕೊಂಡಿದ್ದಳು. ಉಳಿದ ಕಣ್ಣಿನಲ್ಲಿ ಪೊರೆ. ಟಿ.ವಿ.ಗೆ ಮೂಗು ತಾಗುವಷ್ಟು ಹತ್ತಿರ ಕುಳಿತು ಒಂದೂವರೆಯ ಧಾರಾವಾಹಿ ನೋಡುತ್ತಿದ್ದಳು. ನೋಡುವುದಕ್ಕಿಂತ ಕೇಳುವುದೇ ಹೆಚ್ಚಾಗಿತ್ತು. ಇನ್ನೂ ತಡಮಾಡಿದರೆ ಈ ಕಣ್ಣೂ ಕೈಬಿಡುತ್ತದೆ ಎಂದು ಡಾಕ್ಟರು ನನಗೆ ಸ್ಪಷ್ಟವಾಗಿ ಹೇಳಿದ್ದರು. ನಾನು ಅಜ್ಜಿಗೆ ಸ್ಪಷ್ಟವಾಗಿ ಹೇಳಿದೆ. ಅವಳೂ ಸ್ಪಷ್ಟವಾಗಿಯೇ ಹೇಳಿದಳು: "ಹಾಲಿಗೆ ವಿಷ ಹಾಕಾಕಿ ನನ್ನ ಕಣ್ಣಿಗೆ ಏನು ಹಾಕ್ತಾಳ ಯಾರಿಗ್ಗೊತ್ತು? ಒಲ್ಲೆ."

"ಅಜ್ಜೀ, ಅದು ನಾಟಕ. ಶಾರದತ್ತೆ ನೀನು ಎತ್ತಿ ಆಡಿಸಿದ ಹುಡುಗಿ."

"ಅದಕ್ಕ ಸಂಕಟ ಆಗತೈತಿ. ಬಂಗಾರದಂಥಾ ಹುಡುಗಿ, ಬೆಂಗಳೂರಿಗೆ ಹೋಗಿ ಕೆಟ್ಟಳು. ಮನಸಿನ್ಯಾಗ ಇಲ್ದಿದ್ದು ಮಾರಿ ಮ್ಯಾಲೆ ಹ್ಯಾಂಗ ಬರತೈತಿ, ನೀ ಹೇಳು?"

ಮೂರು ವಾರ ಹೇಳಿದೆ. ಕ್ಯಾಮೆರಾ ಎಂದರೇನು, ಸಂಭಾಷಣೆ ಬರೆಯುವವರು ಯಾರು, ಮೈಲುತುತ್ತ ಎಂದರೇನು, ಎಲ್ಲ. ಸ್ನಾತಕೋತ್ತರ ಪದವಿಯಲ್ಲಿ ಚಿನ್ನದ ಪದಕ ಪಡೆದವಳು ನಾನು. ಒಬ್ಬ ಅಜ್ಜಿಯನ್ನು ಒಂದು ಅಂಗುಲವೂ ಅಲುಗಿಸಲಾಗಲಿಲ್ಲ. ಕೊನೆಗೆ, ನನಗೆ ಹೆಮ್ಮೆಯಿಲ್ಲ, ಸುಳ್ಳು ಹೇಳಿದೆ. ಇದು ಸರ್ಕಾರದ ಶಿಬಿರ, ಅತ್ತೆಗೂ ಇದಕ್ಕೂ ಸಂಬಂಧವಿಲ್ಲ ಎಂದು ಕೈಹಿಡಿದು ಕೊಟ್ಟೂರಿನ ಶಾಲೆಯ ಅಂಗಳಕ್ಕೆ ಕರೆತಂದೆ. ತಪಾಸಣೆ ಮುಗಿಯಿತು, ಹೆಸರು ಬರೆದುಕೊಂಡರು, ಬಸ್ಸಿನ ಮೆಟ್ಟಿಲ ಮೇಲೆ ಅಜ್ಜಿಯ ಒಂದು ಕಾಲೂ ಬಿತ್ತು. ಬರಬೇಡ, ಬಂದರೂ ಬಾಯಿ ತೆರೆಯಬೇಡ ಎಂದು ನಾನು ನಾಲ್ಕು ಸಲ ಹೇಳಿದ್ದ ಅತ್ತೆ ಆಗಲೇ ಮೈಕು ಹಿಡಿದು, "ಎಲ್ಲಾರೂ ನಿಧಾನಕ್ಕ ಹತ್ರಿ, ಜಾಗ ಐತಿ" ಎಂದಳು.

ಕಣ್ಣು ಮಂಜಾದವರ ಕಿವಿ ಬಹಳ ಚುರುಕು. ಅಜ್ಜಿ ಕಾಲು ಹಿಂದಕ್ಕೆ ತೆಗೆದಳು. ನನ್ನ ಕೈ ಬಿಡಿಸಿಕೊಂಡು, ದನಿ ಬಂದ ಕಡೆಗೆ ನೇರವಾಗಿ ನಡೆದಳು.

"ಶಾರದಾ, ಆ ಸೊಸಿ ಪಲ್ಲವೀನ ಮನಿ ಬಿಟ್ಟು ಹೊರಗ ಹಾಕ್ಬೇಕಂತ ಮಾಡೀಯೇನು? ಹಾಕೂದಿಲ್ಲಂತ ಕೊಟ್ಟೂರೇಶನ ಮ್ಯಾಲೆ ಆಣಿ ಮಾಡು. ಮಾಡಿದ್ರ ಬಸ್ ಹತ್ತತೀನಿ. ಇಲ್ಲಾಂದ್ರ ಕಣ್ಣು ಹೋದ್ರ ಹೋಗ್ಲಿ."

ಬಸ್ಸಿನ ಚಾಲಕ ಹಾರ್ನ್ ಹೊಡೆದ. ನಾನು ಅತ್ತೆಯ ಕಿವಿಯಲ್ಲಿ, "ಮಾಡಿಬಿಡು, ಏನು ಕಷ್ಟ?" ಎಂದೆ. ಒಂಬತ್ತು ವರ್ಷದಿಂದ ಕ್ಯಾಮೆರಾ ಮುಂದೆ ದಿನಕ್ಕೆ ನಾಲ್ಕು ಸುಳ್ಳು ಆಣೆ ಮಾಡುವವಳು ಇಲ್ಲಿ ಮೈಕಿನ ವಯರನ್ನು ಬೆರಳಿಗೆ ಸುತ್ತತೊಡಗಿದಳು. ಸೊಸೆಯನ್ನು ಹೊರಹಾಕುವ ದೃಶ್ಯದ ಚಿತ್ರೀಕರಣ ಆಗಲೇ ಮುಗಿದಿತ್ತು ಎಂಬುದು ನನಗೆ ತಿಳಿದಿರಲಿಲ್ಲ. ಪ್ರಸಾರಕ್ಕೆ ಮೊದಲು ಕಥೆ ಯಾರಿಗೂ ಹೇಳುವುದಿಲ್ಲ ಎಂದು ಆಕೆ ಸಹಿ ಹಾಕಿದ್ದಳು. ಅಣ್ಣನ ಮಗಳಾದ ನನಗೂ ಈವರೆಗೆ ಬಾಯಿಬಿಟ್ಟಿರಲಿಲ್ಲ.

"ಕೊಟ್ರಮ್ಮಕ್ಕ," ಎಂದಳು ಕೊನೆಗೆ, ಮೈಕು ಕೆಳಗಿಟ್ಟು. "ನಿನ್ನ ಮುಂದ ಸುಳ್ಳು ಆಣಿ ಮಾಡಂಗಿಲ್ಲ. ಹೊರಗ ಹಾಕ್ತೀನಿ. ಹಾಕಿದ್ದೂ ಆತು. ಬರೋ ಸೋಮವಾರ ಬರತೈತಿ."

ಅಜ್ಜಿ ಹಣೆ ಬಡಿದುಕೊಂಡಳು. ಮುಗಿಯಿತು, ಮೂರು ವಾರದ ನನ್ನ ದುಡಿಮೆ ಮಣ್ಣಾಯಿತು ಎಂದುಕೊಂಡೆ. ಪ್ರಾಮಾಣಿಕತೆಗೆ ಆರಿಸಿಕೊಂಡ ಗಳಿಗೆ ನೋಡಿ! ಅತ್ತೆಯ ಮೇಲೆ ನನಗೆ ಅಷ್ಟು ಸಿಟ್ಟು ಹಿಂದೆಂದೂ ಬಂದಿರಲಿಲ್ಲ.

ಅಜ್ಜಿ ಬೆರಳು ಮಡಚಿ ಏನೋ ಎಣಿಸುತ್ತಿದ್ದಳು. "ಇವತ್ತು ಬುಧವಾರ," ಎಂದಳು. "ಸೋಮವಾರದೊಳಗ ಕಣ್ಣಿನ ಪಟ್ಟಿ ಬಿಚ್ಚತಾರೇನು?"

"ಮರುದಿನಾನೇ ಬಿಚ್ಚತಾರ," ಎಂದಳು ಅತ್ತೆ.

"ಹಂಗಾದ್ರ ಸರೀ, ಸರೀ," ಎಂದು ನಮ್ಮಿಬ್ಬರನ್ನೂ ಪಕ್ಕಕ್ಕೆ ನೂಕಿ ಅಜ್ಜಿ ಬಸ್ ಹತ್ತಿ ಕಿಟಕಿಯ ಪಕ್ಕ ಕುಳಿತಳು. "ನೋಡೇ ಬೈತೀನಿ ನಿನ್ನ, ಸುಮ್ಮನ ಬಿಡಂಗಿಲ್ಲ."

ಸೋಮವಾರ ಸಂಜೆ ಕಾಲೇಜಿನಿಂದ ಬಂದವಳೇ ಎದುರುಮನೆಗೆ ಹೋದೆ. ಅಜ್ಜಿ ಕಪ್ಪು ಕನ್ನಡಕ ಹಾಕಿಕೊಂಡು, ಟಿ.ವಿ.ಯಿಂದ ಆರಡಿ ದೂರದಲ್ಲಿ, ಯಾರೋ ದೊಡ್ಡ ಅಧಿಕಾರಿಯಂತೆ ಕುಳಿತಿದ್ದಳು.

"ಕಾಣಿಸ್ತೇನಜ್ಜಿ?"

"ಎಲ್ಲಾ ಕಾಣಿಸ್ತು. ನಿಮ್ಮತ್ತಿ ಬಾಗಲಾ ದಪ್ಪಂತ ಹಾಕಿದ್ಲು ನೋಡು, ಆ ಬಂಗ್ಲೆ ಗ್ವಾಡಿ ಅಳ್ಳಾಡಿತವ್ವಾ! ಕಲ್ಲಲ್ಲ, ಮಣ್ಣಲ್ಲ. ಬರೇ ಹಲಿಗಿ."

ಸೆಟ್ಟಿನ ಹಲಗೆ ಗೋಡೆ ಅಜ್ಜಿಯ ಕಣ್ಣಿಗೆ ಬಿದ್ದಿತ್ತು; ಅಂತೂ ಗೆದ್ದೆ ಎನ್ನಿಸಿತು. ಮೂರು ವಾರ ನನ್ನಿಂದಾಗದ್ದನ್ನು ಒಂದು ಶಸ್ತ್ರಚಿಕಿತ್ಸೆ ಮಾಡಿತ್ತು. "ನಾನು ಹೇಳಲಿಲ್ಲವೇ, ಅದೆಲ್ಲ ನಾಟಕ ಅಂತ?" ಎಂದೆ.

ಅಜ್ಜಿ ಆ ಮಾತನ್ನು ಕಿವಿಗೇ ಹಾಕಿಕೊಳ್ಳಲಿಲ್ಲ.

"ಆ ಹುಡುಗೀಗೆ ಹೇಳಾಕ ಹೇಳು ನಿಮ್ಮತ್ತಿಗೆ," ಎಂದಳು. "ಹೊಸ್ತಿಲಾ ಹಿಡಕೊಂಡು ಅಷ್ಟ್ಯಾಕ ಅಳತಾಳ? ಹಲಿಗಿ ಗ್ವಾಡಿ ಮನಿ ಅದು. ಬಿಟ್ಟು ಬರ್ಲಿ."

ತಿದ್ದಬೇಕೆಂದು ಬಾಯಿ ತೆರೆದೆ. ತಿದ್ದುವಂಥದ್ದು ಅದರಲ್ಲಿ ಏನೂ ಸಿಗಲಿಲ್ಲ.