ಬೀಡಿ ಕಾರಖಾನೆಯಲ್ಲಿ ಆಫ್ರಿಕಾ ಓದಿದ ಸುಗಂಧಾ

1997ರ ಒಂದು ಮುಂಜಾನೆ. ನಿಪ್ಪಾಣಿಯಲ್ಲಿ ಇನ್ನೂ ಪೂರ್ತಿ ಬೆಳಕು ಹರಿದಿಲ್ಲ. ಪುಣೆಯತ್ತ ಹೊರಟ ಲಾರಿಗಳು ದೀಪ ಆರಿಸದೆ ಹೆದ್ದಾರಿಯಲ್ಲಿ ಓಡುತ್ತಿವೆ. ಬೌದ್ಧರ ಓಣಿಯ ಕೊನೆಯ ಮನೆಯ ಹೊಸ್ತಿಲಲ್ಲಿ ಸುಗಂಧಾ ಗೋಣಿತಾಟು ಹಾಸಿಕೊಂಡು ಕೂತಿದ್ದಾರೆ. ನೆನೆಸಿಟ್ಟ ಬೀಡಿ ಎಲೆಯನ್ನು ಒದ್ದೆ ಬಟ್ಟೆಯಿಂದ ಬಿಡಿಸುತ್ತಾರೆ, ಮೇಲೆ ಅಳತೆಯ ತಗಡಿಟ್ಟು ಕತ್ತರಿ ಆಡಿಸುತ್ತಾರೆ. ತೊಡೆಯ ಮೇಲಿನ ಮೊರದಲ್ಲಿ ತಂಬಾಕಿನ ಪುಡಿ. ಒಂದು ಚಿಟಿಕೆ, ಒಂದು ಸುರುಳಿ, ನೂಲಿನ ಸುತ್ತು, ತುದಿ ಮಡಚಲು ಉಗುರಿನ ಒಂದು ಒತ್ತು. ದೀಪ ಹಚ್ಚುವ ಹೊತ್ತಿಗೆ ಸಾವಿರ ಬೀಡಿ ಆಗಬೇಕು. ಈಗೀಗ ಏಳುನೂರಕ್ಕೇ ಬೆರಳು ಮರಗಟ್ಟುತ್ತವೆ.

ಇವರೊಡನೆ ಮಾತಾಡಬೇಕೆಂದರೆ ಮಗ್ಗುಲಲ್ಲೇ ಕೂರಬೇಕು. ಗಂಟಲಲ್ಲಿ ಬೆಳೆದಿದ್ದ ಗಂಟನ್ನು ಎರಡು ವರ್ಷದ ಹಿಂದೆ ಮಿರಜಿನ ಆಸ್ಪತ್ರೆಯಲ್ಲಿ ತೆಗೆದ ಮೇಲೆ ಉಳಿದಿರುವುದು ಪಿಸುಮಾತು ಮಾತ್ರ. ಓಣಿಯಲ್ಲಿ ಯಾರಾದರೂ ಸೈಕಲ್ಲಿನ ಗಂಟೆ ಬಾರಿಸಿದರೂ ಅವರ ಮಾತು ಅದರಲ್ಲಿ ಮುಳುಗಿಹೋಗುತ್ತದೆ. "ಹೆಸರಷ್ಟ ಸುಗಂಧಾ ನೋಡ್ರಿ, ಮೈಯೆಲ್ಲಾ ತಂಬಾಕ," ಎಂದು ನಗಲು ಹೋಗಿ ಕೆಮ್ಮುತ್ತಾರೆ.

ಈ ದನಿ ಒಂದು ಕಾಲಕ್ಕೆ ಅರವತ್ತು ಹೆಂಗಸರಿಗೆ ಕೇಳಿಸುತ್ತಿತ್ತು. ಎಂಬತ್ತಮೂರರಿಂದ ತೊಂಬತ್ತೆರಡರವರೆಗೆ, ಊರಿನ ಒಂದು ಬೀಡಿ ಕಾರಖಾನೆಯ ತಗಡಿನ ಮಾಡಿನ ಕೆಳಗೆ, ಸುಗಂಧಾ ಬೀಡಿ ಕಟ್ಟುವುದನ್ನು ಬಿಟ್ಟು ಓದುತ್ತಿದ್ದರು. ಉಳಿದವರು ಕಟ್ಟುತ್ತ ಕೇಳುತ್ತಿದ್ದರು. ಓದುವವಳ ಕೂಲಿ ಮುಳುಗಬಾರದೆಂದು ಪ್ರತಿಯೊಬ್ಬಳೂ ಸಂಜೆ ತನ್ನ ಬೀಡಿಯಲ್ಲಿ ಒಂದು ಹಿಡಿಯನ್ನು ಅವರ ಮೊರಕ್ಕೆ ಹಾಕಿ ಹೋಗುತ್ತಿದ್ದಳು. ಯಾರೂ ಹೇಳಿ ಮಾಡಿಸಿದ್ದಲ್ಲ, ತಾನಾಗಿ ಬಂದ ರೂಢಿ.

ಅವರು ಓದುತ್ತಿದ್ದುದು ಆಫ್ರಿಕಾದ ಜನರ ಸಾಹಿತ್ಯದ ಕಥೆ.

ಪುಸ್ತಕಗಳು ಬಂದದ್ದು ಅಣ್ಣ ಉತ್ತಮನಿಂದ. ಕೊಲ್ಲಾಪುರದ ಹಾಸ್ಟೆಲಿನಲ್ಲಿದ್ದು ಕಾಲೇಜು ಕಲಿತ ಉತ್ತಮ ಅಲ್ಲಿನ ದಲಿತ ಚಳವಳಿಯ ಹುಡುಗರ ಜತೆ ಸೇರಿದ್ದ. ಅಮೆರಿಕದ ಕಪ್ಪು ಜನರ ಕವಿತೆಗಳು, ಅವರೇ ಬರೆದುಕೊಂಡ ಬದುಕಿನ ಕಥೆಗಳು, ಆಫ್ರಿಕಾದ ಹೊಸ ಬರಹಗಾರರ ಕಾದಂಬರಿಗಳು ಮರಾಠಿಗೆ ಬರುತ್ತಿದ್ದ ಕಾಲ ಅದು. ಸಿಕ್ಕ ಪುಸ್ತಕ, ಪತ್ರಿಕೆಗಳನ್ನೆಲ್ಲ ಒಂದು ಟ್ರಂಕಿನಲ್ಲಿ ತುಂಬಿಕೊಂಡು ಊರಿಗೆ ಬಂದ. ಚಿಕ್ಕೋಡಿಯ ಶಾಲೆಯೊಂದರಲ್ಲಿ ಹಂಗಾಮಿ ಮಾಸ್ತರಿಕೆ ಸಿಕ್ಕಿತು. ರವಿವಾರ ಬುದ್ಧ ವಿಹಾರದ ಕಟ್ಟೆಯ ಮೇಲೆ ಓಣಿಯವರನ್ನು ಕೂರಿಸಿಕೊಂಡು ಓದಿ ಹೇಳುತ್ತಿದ್ದ. ಮುಂದಿನ ವರ್ಷವೇ ಕಾಮಾಲೆಯಾಗಿ ತೀರಿಕೊಂಡ. ಆಗ ಅವನಿಗೆ ಇಪ್ಪತ್ತೇಳು.

"ಟ್ರಂಕಾ ಹಂಗ ಇತ್ತ್ರಿ, ಕೀಲಿ ಹಾಕಿದ್ದು," ಎನ್ನುತ್ತಾರೆ ಸುಗಂಧಾ. "ನಾ ಆಗ ಗಂಡನ ಮನಿ ಬಿಟ್ಟ ಬಂದಿದ್ನಿ. ಅವ್ವ ಅದನ್ನ ರದ್ದಿಗೆ ಹಾಕು ಅಂದಳು. ಒಂದ ಪುಸ್ತಕ ತಗದ ಓದಿದೆ. ಅಣ್ಣ ಮಾತಾಡಿದಂಗ ಆತು. ಮುಂದ ಬಿಡಾಕ ಆಗಲಿಲ್ಲ."

ಏಳನೆಯ ಇಯತ್ತೆವರೆಗೆ ಅವರು ಕಲಿತದ್ದು ಮರಾಠಿ ಶಾಲೆಯಲ್ಲಿ, ಮನೆಯ ಮಾತು ಕನ್ನಡ. ಕಾರಖಾನೆಯ ಹೆಂಗಸರಲ್ಲಿ ಹೆಚ್ಚಿನವರು ರಾಯಬಾಗ, ಅಥಣಿ ಕಡೆಯಿಂದ ಬಂದವರು. ಪೇಟೆಯ ಮರಾಠಿ ಅವರಿಗೆ ತಿಳಿಯುತ್ತಿತ್ತು, ಪುಸ್ತಕದ ಮರಾಠಿ ತಿಳಿಯುತ್ತಿರಲಿಲ್ಲ. ಹಾಗಾಗಿ ಸುಗಂಧಾ ಕಣ್ಣಿನಲ್ಲಿ ಮರಾಠಿ ಓದಿ ಬಾಯಲ್ಲಿ ಕನ್ನಡ ಹೇಳುತ್ತಿದ್ದರು. ಒಂಬತ್ತು ವರ್ಷ ಹೀಗೆ ಅವರು ಮಾಡಿದ ಅನುವಾದದ ಒಂದು ಸಾಲೂ ಎಲ್ಲಿಯೂ ಬರಹಕ್ಕೆ ಇಳಿದಿಲ್ಲ.

ಮೊದಲು ಹೇಳಿದ್ದು ಪಶ್ಚಿಮ ಆಫ್ರಿಕಾದ ಕಥೆಗಾರರ ವಿಷಯ. ಅರಸರ, ಮನೆತನಗಳ ಪೀಳಿಗೆಯನ್ನೆಲ್ಲ ಬಾಯಲ್ಲೇ ಇಟ್ಟುಕೊಂಡು ತಂತಿವಾದ್ಯ ನುಡಿಸುತ್ತ ಹಾಡುವವರು. ಪಕ್ಕದಲ್ಲಿ ಕೂತಿದ್ದ ಗೆಳತಿ ರುಕ್ಮವ್ವ ತಟ್ಟನೆ, "ಅಯ್ಯ, ನಮ್ಮ ಹೆಳವರು ಇದ್ದಂಗ ಬಿಡು. ಎತ್ತಿನ ಮ್ಯಾಲ ಕುಂತ ಬಂದು ಮುತ್ತಜ್ಜನ ಹೆಸರ ಹೇಳಿ ಜ್ವಾಳ ಇಸಗೊಂಡ ಹೊಕ್ಕಾರಲ್ಲ, ಅವರ," ಎಂದಳು. ಅಂದಿನಿಂದ ಆಫ್ರಿಕಾ ಆ ಹೆಂಗಸರಿಗೆ ದೂರದ ದೇಶವಾಗಿ ಉಳಿಯಲಿಲ್ಲ. ಅಲ್ಲಿನ ಜನರನ್ನು ಸರಪಳಿ ಹಾಕಿ ಗುಲಾಮರಾಗಿ ಅಮೆರಿಕಕ್ಕೆ ಸಾಗಿಸಿದ ಹಡಗಿನ ಭಾಗ ಬಂದಾಗ ಅತ್ತರು. ಸಣ್ಣ ಪ್ರಾಣಿ ದೊಡ್ಡ ಪ್ರಾಣಿಗೆ ಟೋಪಿ ಹಾಕುವ ಕಥೆಗಳು ಅದೇ ಹಡಗಿನಲ್ಲಿ ಸಮುದ್ರ ದಾಟಿ ಬಂದವೆಂದು ಕೇಳಿ ನಕ್ಕರು. ದೊರೆಗಳ ಭಾಷೆಯಲ್ಲಿ ಬರೆಯಬೇಕೋ ತಾಯಿಭಾಷೆಯಲ್ಲಿ ಬರೆಯಬೇಕೋ ಎಂದು ಆಫ್ರಿಕಾದ ಬರಹಗಾರರು ಜಗಳಾಡಿದ್ದನ್ನು ಓದಿದ ದಿನ ಇಲ್ಲಿಯೂ ಜಗಳವಾಯಿತು. "ಮಾಲಕನ ಭಾಷಾದಾಗ ಬರದ್ರ ಮಾಲಕಗ ತಿಳಿತೈತಿ, ಅವ್ವನ ಭಾಷಾದಾಗ ಬರದ್ರ ಅವ್ವಗ ತಿಳಿತೈತಿ. ಯಾರಿಗೆ ತಿಳಸೂದೈತಿ ಅನ್ನೂದ ಮೊದಲ ನೋಡಬೇಕು," ಎಂದು ರುಕ್ಮವ್ವನೇ ಅದನ್ನೂ ಮುಗಿಸಿದಳು.

ಎಂಬತ್ತೈದರ ಬೇಸಿಗೆಯ ಒಂದು ದಿನವನ್ನು ಸುಗಂಧಾ ಮರೆತಿಲ್ಲ. ಹಡಗಿನಿಂದ ಇಳಿಸಿದ ಜನರನ್ನು ಯಾವ ಕೆಲಸಕ್ಕೆ ಹಚ್ಚಿದರು ಎನ್ನುವ ಪುಟ ಬಂದಿತ್ತು. ಹತ್ತಿಯೋ ಕಬ್ಬೋ ಇರಬೇಕೆಂದು ಎಲ್ಲರೂ ಅಂದುಕೊಂಡಿದ್ದರು. ಮೊದಲು ಹಚ್ಚಿದ್ದು ತಂಬಾಕಿನ ಹೊಲಕ್ಕೆ. ಕುಡಿ ಚಿವುಟುವುದು, ಎಲೆ ಮುರಿಯುವುದು, ಕಟ್ಟಿ ಒಣಗಲು ತೂಗುಹಾಕುವುದು. ಸುಗಂಧಾ ಓದಿದರು. ರುಕ್ಮವ್ವನ ಕೈ ನಿಂತಿತು. ಜಿಗಟು ಹತ್ತಿ ಕಪ್ಪಾದ ತನ್ನ ಬೆರಳುಗಳನ್ನೇ ನೋಡಿಕೊಂಡಳು.

"ತಡಿಯವಾ. ಇನ್ನೊಮ್ಮಿ ಓದು. ತಂಬಾಕ ಅಂತ ಖರೇನ ಬರದೈತೇನು?"

"ಬರದೈತಿ ರುಕ್ಮಕ್ಕ."

ಒಂದೊಂದಾಗಿ ಎಲ್ಲರ ಕೈಗಳೂ ನಿಂತವು. "ಎಲಿ ಸಪ್ಪಳ ನಿಂತಬಿಟ್ಟಿತ್ರಿ," ಎನ್ನುತ್ತಾರೆ ಸುಗಂಧಾ, "ತಗಡಿನ ಮ್ಯಾಲ ಮಳಿ ನಿಂತಂಗ." ಆ ಮೌನಕ್ಕೆ ಹೆದರಿ ಮೇಲ್ವಿಚಾರಕ ಆಬಾಸಾಹೇಬ ಒಳಗೆ ಓಡಿಬಂದ. ಹೆಂಗಸರು ಹರಟೆ ಬಿಟ್ಟು ಕೈ ಓಡಿಸುತ್ತಾರೆಂದು ಅಲ್ಲಿಯವರೆಗೆ ಓದಿಗೆ ಅವನದೇನೂ ತಕರಾರಿರಲಿಲ್ಲ.

"ಯಾಕ, ಯಾರರ ಸತ್ತರೇನು?"

"ಹೌದ್ರಿ ಸಾಹೇಬ್ರ," ಎಂದಳು ರುಕ್ಮವ್ವ. "ಭಾಳ ಮಂದಿ ಸತ್ತಾರ. ನಮ್ಮ ಕೆಲಸದಾಗನ ಸತ್ತಾರ."

"ಪುರಾಣ ಓದ್ರಿ, ಬ್ಯಾಡ ಅನ್ನಂಗಿಲ್ಲ. ಇದೆಲ್ಲಾ ಯಾಕ ನಿಮಗ?" ಎಂದು ಬೈದು ಹೋದ. ಆ ವಾರವಿಡೀ ರುಕ್ಮವ್ವ ಕಟ್ಟಿದ ಬೀಡಿಯಲ್ಲಿ ಅರ್ಧಕ್ಕರ್ಧ ಸರಿಯಿಲ್ಲವೆಂದು ಪಕ್ಕಕ್ಕೆ ಬಿದ್ದವು, ಅವುಗಳ ಕೂಲಿ ಸಿಗಲಿಲ್ಲ. ಓದು ನಿಲ್ಲಲಿಲ್ಲ, ದನಿ ಮಾತ್ರ ತಗ್ಗಿತು.

ಕೆಲವು ದಿನಗಳ ಮೇಲೆ ಇನ್ನೊಂದು ಪುಟ ಬಂತು. ಆ ಹೊಲಗಳಲ್ಲಿ ಅಕ್ಷರ ಕಲಿಯುವುದೇ ಅಪರಾಧ. ಕಲಿತವನ ಬೆನ್ನಿಗೆ ಚಾಟಿ. ಆದರೂ ಕದ್ದು ಕಲಿತರು, ತಪ್ಪಿಸಿಕೊಂಡು ಗುಲಾಮಗಿರಿ ಇಲ್ಲದ ಉತ್ತರದ ಊರುಗಳಿಗೆ ಓಡಿದರು, ಅಲ್ಲಿ ಕೂತು ತಮ್ಮ ಕಥೆ ತಾವೇ ಬರೆದರು. ರುಕ್ಮವ್ವನ ಮಗ್ಗುಲಲ್ಲಿ ಆಗ ಅವಳ ಹತ್ತು ವರ್ಷದ ಹಿರಿಮಗಳು ತಾರವ್ವ ಕೂತು ಎಲೆ ಕತ್ತರಿಸುತ್ತಿದ್ದಳು. ಶಾಲೆ ಬಿಟ್ಟು ಮೂರು ವರ್ಷವಾಗಿತ್ತು. ಮರುದಿನ ತಾರವ್ವ ಕಾರಖಾನೆಗೆ ಬರಲಿಲ್ಲ. "ಅಲ್ಲಿ ಕಲಿತ್ರ ಹೊಡಿತಿದ್ರು. ಇಲ್ಲಿ ಯಾರೂ ಹೊಡ್ಯಾಂಗಿಲ್ಲ, ನಾನ ಕಳಸವಲ್ಲೆ," ಎಂದು ರುಕ್ಮವ್ವ ಮಗಳನ್ನು ಕೈಹಿಡಿದು ಊರಿನ ಮರಾಠಿ ಶಾಲೆಗೆ ಸೇರಿಸಿ ಬಂದಿದ್ದಳು.

ಆ ಹುಡುಗಿಯ ಪಾಸು ನಾಪಾಸು ಇಡೀ ಕಾರಖಾನೆಯ ಚಿಂತೆಯಾಯಿತು. ಏಳನೆಯ ಇಯತ್ತೆಗೆ ಬಂದಾಗ ತಾರವ್ವ ಒಂದು ಮಧ್ಯಾಹ್ನ ಅಲ್ಲಿಗೆ ಬಂದು, ಸುಗಂಧಾರ ಕೈಯಿಂದ ಪುಸ್ತಕ ಇಸಿದುಕೊಂಡು ಅರ್ಧ ಪುಟ ಓದಿ ತೋರಿಸಿದಳು. ಆ ದಿನ ರುಕ್ಮವ್ವ ಎಲ್ಲರಿಗೂ ಬೆಲ್ಲ ಹಂಚಿದಳು.

ಅದೇ ವರ್ಷ ರುಕ್ಮವ್ವನಿಗೆ ಕೆಮ್ಮು ಹತ್ತಿತು. ತಂಬಾಕಿನ ಧೂಳಿನಲ್ಲಿ ಕೂತವರು ಕೆಮ್ಮುವುದು ಹೊಸದಲ್ಲವೆಂದು ಯಾರೂ ಮನಸ್ಸಿಗೆ ಹಚ್ಚಿಕೊಳ್ಳಲಿಲ್ಲ. ಕಫದಲ್ಲಿ ರಕ್ತ ಬಂದಾಗ ತಡವಾಗಿತ್ತು. ದೀಪಾವಳಿಗೆ ಮೊದಲೇ ಹೋದಳು. ಮನೆಯಲ್ಲಿ ಇನ್ನೂ ಮೂರು ಸಣ್ಣ ಮಕ್ಕಳು. ಗಂಡ ಧೂಳಪ್ಪ ತಂಬಾಕಿನ ವಖಾರಿಯಲ್ಲಿ ಚೀಲ ಹೊರುವವನು. ತಾರವ್ವನ ಶಾಲೆ ಬಿಡಿಸಿದ. ಸುಗಂಧಾ ಅವನ ಮನೆಗೆ ಹೋಗಿ ಕೈ ಮುಗಿದರು, ಇನ್ನು ಮೂರೇ ವರ್ಷ ಎಂದರು. ಧೂಳಪ್ಪ ಕೂಗಾಡಲಿಲ್ಲ. ಒಲೆಯ ಮುಂದೆ ರೊಟ್ಟಿ ತಟ್ಟಲು ಬಾರದೆ ಹಿಟ್ಟಿನ ಕೈಯಲ್ಲಿ ಕೂತಿದ್ದ. "ನೀ ಹೇಳಿದ ಕಥಿಯೊಳಗ ಸಣ್ಣ ಹುಡುಗೂರಿಗೆ ರೊಟ್ಟಿ ಯಾರ ಬಡದ ಹಾಕತಿದ್ರವಾ? ಅದನ್ನಷ್ಟ ಹೇಳು," ಎಂದ. ಸುಗಂಧಾ ತಿರುಗಿ ಬಂದರು.

ಹದಿನೈದಕ್ಕೆ ತಾರವ್ವನನ್ನು ಪಾಲಬಾವಿಗೆ ಕೊಟ್ಟರು. ಗಂಡ ಇನ್ನೊಬ್ಬಳನ್ನು ತಂದುಕೊಂಡ. ತಾರವ್ವ ಮರಳಿ ಬಂದಳು, ಮೊರ ಹಿಡಿದಳು.

ತೊಂಬತ್ತೆರಡರಲ್ಲಿ ಕಾರಖಾನೆಯೂ ಮುಚ್ಚಿತು. ಎಲೆ, ತಂಬಾಕು ಮನೆಗೇ ಒಯ್ಯಿರಿ, ಕಟ್ಟಿ ತಂದುಕೊಡಿ ಎಂದರು ಮಾಲೀಕರು. ಅರವತ್ತು ಹೆಂಗಸರು ಅರವತ್ತು ಹೊಸ್ತಿಲುಗಳಿಗೆ ಚೆದುರಿಹೋದರು. ಹೊಸದರಲ್ಲಿ ಸುಗಂಧಾ ಸಂಜೆ ಯಾರದಾದರೂ ಮನೆಗೆ ಪುಸ್ತಕ ಹಿಡಿದು ಹೋಗುತ್ತಿದ್ದರು. ಬಂದವರು ಇಬ್ಬರು, ಮೂವರು, ಆಮೇಲೆ ಅವರೂ ಇಲ್ಲ. ಆಮೇಲೆ ದನಿ ಒಡೆಯಿತು, ಮಿರಜಿಗೆ ಹೋಗಬೇಕಾಯಿತು. ಟ್ರಂಕು ಈಗ ಮಂಚದ ಕೆಳಗಿದೆ. ಮೇಲೆ ಜೋಳದ ಚೀಲ ಇಟ್ಟಿದ್ದಾರೆ.

ಆ ಓದಿನಿಂದ ಏನಾಯಿತು ಎಂದು ಕೇಳಿದರೆ ಸುಗಂಧಾ ಇನ್ನೊಂದು ಎಲೆ ತೆಗೆದುಕೊಳ್ಳುತ್ತಾರೆ. ಅದರ ಮೇಲೆ ಕತ್ತರಿ ಆಡಿಸುತ್ತಾರೆ. "ಕಥಿ ಸುಳ್ಳಲ್ಲರಿ," ಎನ್ನುತ್ತಾರೆ. "ಆದ್ರ ಅವರಿಗೆ ಓಡಿ ಹೋಗಾಕ ಉತ್ತರದಾಗ ಒಂದ ಊರರ ಇತ್ತು. ನಮಗ ಎಲ್ಲೈತ್ರಿ? ಇಲ್ಲಿಂದ ಉತ್ತರಕ್ಕ ಹೋದ್ರ ಕಾಗಲ. ಅಲ್ಲೂ ತಂಬಾಕನ."

ಬಿಸಿಲು ಹೊಸ್ತಿಲಿಗೆ ಬರುವ ಹೊತ್ತಿಗೆ ತಾರವ್ವ ಬರುತ್ತಾಳೆ. ಅವಳ ಮನೆಯೊಳಗೆ ಬೆಳಕು ಸಾಲದು, ಹಾಗಾಗಿ ದಿನವೂ ಇಲ್ಲಿಯೇ ಕೂರುತ್ತಾಳೆ. ಇಪ್ಪತ್ತೆರಡರ ಹೆಂಗಸು, ತಾಯಿಯ ಹಾಗೆಯೇ ಉದ್ದ ಬೆರಳು. ಇಬ್ಬರೂ ಕಟ್ಟುತ್ತಾರೆ.

ಏನಾದರೂ ಆಸೆ ಉಳಿದಿದೆಯೇ ಎಂಬ ಪ್ರಶ್ನೆಗೆ ಸುಗಂಧಾ ಮೊದಲು ತಲೆ ಅಲ್ಲಾಡಿಸುತ್ತಾರೆ. ಆಮೇಲೆ ಪಿಸುಗುಡುತ್ತಾರೆ: "ಒಮ್ಮಿ ಯಾರರ ಓದಬೇಕ್ರಿ, ನಾ ಬೀಡಿ ಕಟಗೋಂತ ಕೇಳಬೇಕು. ಅಷ್ಟೂ ವರ್ಷ ಎಲ್ಲಾರಿಗೂ ಓದೀನಿ. ನಮ್ಮಣ್ಣ ಹ್ವಾದ ಮ್ಯಾಲ ನನಗ ಯಾರೂ ಓದಿಲ್ಲ."

ತಾರವ್ವ ತಲೆ ಎತ್ತುವುದಿಲ್ಲ. "ನನಗ ಓದಾಕ ಬರತೈತಿ ಮಾವಶಿ," ಎನ್ನುತ್ತಾಳೆ. "ಆದ್ರ ನಾ ಓದಾಕ ಕುಂತ್ರ ನನ್ನ ಬೀಡಿ ಯಾರ ಕಟ್ಟತಾರ?"

ಸುಗಂಧಾಗೆ ಬೇಸರವಾದಂತೆ ಕಾಣುವುದಿಲ್ಲ. ಕಟ್ಟಿದ ಬೀಡಿಯ ತುದಿಯನ್ನು ಉಗುರಿನಿಂದ ಒತ್ತಿ ಮೊರದಲ್ಲಿ ಇಡುತ್ತಾರೆ.

"ಖರೇ ಐತಿ ಆಕಿ ಮಾತು," ಎನ್ನುತ್ತಾರೆ. "ಒಬ್ಬಾಕಿ ಓದಬೇಕಂದ್ರ ಅರವತ್ತ ಮಂದಿ ಬೇಕಾಗತಾರ್ರಿ. ಇಬ್ಬರ ಕೈಲೆ ಆಗೂದಲ್ಲ."